ಊರೇ ಉಪನಾಮ: ನಂಜನಗೂಡು, ತಿರುಮಕೂಡಲು ಹೊತ್ತ ಹೆಸರುಗಳು

ನಂಜನಗೂಡು ಮತ್ತು ತಿರುಮಕೂಡಲು ಮೈಸೂರು ಜಿಲ್ಲೆಯ ಎರಡು ಪುಣ್ಯಕ್ಷೇತ್ರಗಳು. ಮೊದಲನೆಯದು ಕಪಿಲೆಯ ದಡದಲ್ಲಿದೆ. ಎರಡನೆಯದು ಅದೇ ಕಪಿಲೆ ಕಾವೇರಿಯನ್ನು ಕೂಡುವ ಸಂಗಮದಲ್ಲಿದೆ. ಸಾಹಿತಿಗಳು, ಸಂಗೀತಗಾರರು, ಪಂಡಿತರು, ಒಂದು ಹಲ್ಲುಪುಡಿ, ಒಂದು ಬಾಳೆಯ ತಳಿ ಈ ಊರುಗಳ ಮತ್ತು ಇವುಗಳ ಆಸುಪಾಸಿನ ಹಳ್ಳಿಗಳ ಹೆಸರನ್ನು ಹೊತ್ತು ನಾಡಿನಾದ್ಯಂತ ಪರಿಚಿತವಾಗಿವೆ.

ಊರಿನಿಂದ ಹೆಸರು ಪಡೆಯುವ ರೂಢಿ ಜಗತ್ತಿನ ಹಲವೆಡೆ ಇದೆ. ಇಟಲಿಯ ರೊಮಾನೊ, ಮೆಸ್ಸಿನಾ, ಜಿನೊವೇಸೆ ಎಂಬ ಕುಲನಾಮಗಳ ಹಿಂದೆ ರೋಮ್, ಮೆಸ್ಸಿನಾ, ಜಿನೋವಾ ನಗರಗಳಿವೆ. ಅಲ್ಲಿ ಕುಲನಾಮ ಹೆಸರಿನ ಕೊನೆಯಲ್ಲಿ ನಿಂತು ತಂದೆಯಿಂದ ಮಕ್ಕಳಿಗೆ ಹಾಗೆಯೇ ಸಾಗುತ್ತದೆ. ಹಳೆಯ ಮೈಸೂರು ಸೀಮೆಯಲ್ಲಿ ಊರ ಹೆಸರು ಮೊದಲಲ್ಲಿ ಕೂರುತ್ತದೆ, ಬಹುಮಟ್ಟಿಗೆ ಒಂದೇ ಅಕ್ಷರಕ್ಕೆ ಕುಗ್ಗುತ್ತದೆ, ಒಮ್ಮೊಮ್ಮೆ ಮುಂದಿನ ತಲೆಮಾರಿನಲ್ಲಿ ಬಿಟ್ಟೂ ಹೋಗುತ್ತದೆ. ಪೂರ್ತಿಯಾಗಿ ಬರೆದವರ ಊರು ಉಳಿದಿದೆ. ಅಕ್ಷರವಾಗಿ ಬರೆದವರ ಊರು ಮರೆತುಹೋಗಿದೆ.

ನಂಜು, ಗರಳ, ಶ್ರೀಕಂಠ

ನಂಜನಗೂಡು ಎಂದರೆ ನಂಜನ, ಅಂದರೆ ವಿಷವನ್ನುಂಡ ಶಿವನ ನೆಲೆ. ಸಂಸ್ಕೃತದಲ್ಲಿ ಇದೇ ಗರಳಪುರಿ. ಕ್ಷೇತ್ರದ ದೇವರಿಗೂ ಎರಡು ಹೆಸರು: ಕನ್ನಡದಲ್ಲಿ ನಂಜುಂಡ, ಸಂಸ್ಕೃತದಲ್ಲಿ ಶ್ರೀಕಂಠ. ತನ್ನ ಆನೆಯ ಕಣ್ಣಿನ ಬೇನೆ ಇಲ್ಲಿ ವಾಸಿಯಾಯಿತೆಂದು ಟಿಪ್ಪು ಸುಲ್ತಾನ ಈ ದೇವರನ್ನು ‘ಹಕೀಂ ನಂಜುಂಡ’ ಎಂದು ಕರೆದು ಪಚ್ಚೆಯ ಲಿಂಗವನ್ನು ಅರ್ಪಿಸಿದನೆಂಬುದು ಐತಿಹ್ಯ.

ನಂಜಪ್ಪ, ನಂಜಮ್ಮ, ನಂಜುಂಡಯ್ಯ, ನಂಜುಂಡಸ್ವಾಮಿ, ಶ್ರೀಕಂಠಯ್ಯ ಎಂಬ ಅಂಕಿತನಾಮಗಳೆಲ್ಲ ಈ ದೇವರವು. ಆದರೆ ಇವನ್ನು ಹೊತ್ತವರೆಲ್ಲರೂ ನಂಜನಗೂಡಿನವರಲ್ಲ. ಮೈಸೂರು ವಿಶ್ವವಿದ್ಯಾನಿಲಯದ ಮೊದಲ ಕುಲಪತಿ ಹಾಗೂ ಕನ್ನಡ ಸಾಹಿತ್ಯ ಪರಿಷತ್ತಿನ ಮೊದಲ ಅಧ್ಯಕ್ಷ ಎಚ್.ವಿ. ನಂಜುಂಡಯ್ಯನವರ ಹೆಸರಿನ ‘ಎಚ್’ ಹೆಬ್ಬಳಲು. ರೈತ ನಾಯಕ ಎಂ.ಡಿ. ನಂಜುಂಡಸ್ವಾಮಿ (1936-2004), ಪ್ರಾದೇಶಿಕ ಅಸಮತೋಲನದ ಬಗ್ಗೆ 2002ರಲ್ಲಿ ವರದಿ ನೀಡಿದ ಸಮಿತಿಯ ಅಧ್ಯಕ್ಷ, ಅರ್ಥಶಾಸ್ತ್ರಜ್ಞ ಡಿ.ಎಂ. ನಂಜುಂಡಪ್ಪ ಇದೇ ಸಾಲಿನವರು. ಮೈಸೂರಿನ ಶ್ರೀಕಂಠದತ್ತ ನರಸಿಂಹರಾಜ ಒಡೆಯರ್ (1953-2013) ಅವರ ಹೆಸರಿನಲ್ಲಿಯೂ ಶ್ರೀಕಂಠನಿದ್ದಾನೆ. ‘ಭಾರತೀಯ ಕಾವ್ಯಮೀಮಾಂಸೆ’ಯ ಕರ್ತೃ ತೀ.ನಂ. ಶ್ರೀಕಂಠಯ್ಯನವರದು (1906-1966) ಇನ್ನೂ ಸ್ವಾರಸ್ಯಕರ: ತೀರ್ಥಪುರ ನಂಜುಂಡಯ್ಯ ಶ್ರೀಕಂಠಯ್ಯ. ತಂದೆಯ ಹೆಸರು ಕನ್ನಡದಲ್ಲಿ, ಮಗನ ಹೆಸರು ಸಂಸ್ಕೃತದಲ್ಲಿ; ದೇವರು ಒಬ್ಬನೇ.

ಊರಿನ ಸಂಸ್ಕೃತ ರೂಪವನ್ನೇ ಹೆಸರಾಗಿ ಪಡೆದವರು ಗರಳಪುರಿ ಶಾಸ್ತ್ರಿಗಳು (1822-1877). ಮುಮ್ಮಡಿ ಕೃಷ್ಣರಾಜ ಒಡೆಯರ ಆಸ್ಥಾನದ ಸಂಸ್ಕೃತ ವಿದ್ವಾಂಸರಾಗಿದ್ದ ಇವರು ತಿರುಮಕೂಡಲು ನರಸೀಪುರ ತಾಲ್ಲೂಕಿನ ಸೋಸಲೆಯವರು. ಮಗ ಅಯ್ಯಾಶಾಸ್ತ್ರಿಗಳು (1854-1934) ಕನ್ನಡ ಸಾಹಿತ್ಯ ಚರಿತ್ರೆಯಲ್ಲಿ ಸೋಸಲೆ ಅಯ್ಯಾಶಾಸ್ತ್ರಿ ಎಂದೇ ಪ್ರಸಿದ್ಧರು. ಹೀಗೆ ಒಂದೇ ಮನೆಯಲ್ಲಿ ತಂದೆ ನಂಜನಗೂಡನ್ನು, ಮಗ ಸೋಸಲೆಯನ್ನು ಹೊತ್ತರು. ಮಾಧ್ವ ಪರಂಪರೆಯ ವ್ಯಾಸರಾಜ ಮಠವೂ ಸೋಸಲೆಯ ಹೆಸರಿನಿಂದಲೇ ಗುರುತಿಸಲ್ಪಡುತ್ತದೆ.

ಅಧಿಕಾರ ನಡೆಸಿದ ಹಳ್ಳಿ

ಮಲೆನಾಡಿನ ಓದುಗರಿಗೆ ಕಳಲೆ ಎಂದೊಡನೆ ನೆನಪಾಗುವುದು ಎಳೆಬಿದಿರಿನ ಪಲ್ಯ. ಆದರೆ ಮೈಸೂರಿನ ಇತಿಹಾಸದಲ್ಲಿ ಕಳಲೆ ಎಂಬುದು ಒಂದು ಮನೆತನ. ನಂಜನಗೂಡಿನ ಸಮೀಪದ ಈ ಗ್ರಾಮದ ಅರಸು ಮನೆತನ ಮೈಸೂರಿಗೆ ದಳವಾಯಿಗಳನ್ನು ನೀಡಿತು. ಹದಿನೆಂಟನೆಯ ಶತಮಾನದ ನಡುವಿನ ದಶಕಗಳಲ್ಲಿ ದೇವರಾಜಯ್ಯ ಮತ್ತು ನಂಜರಾಜಯ್ಯ ಸೋದರರ ಕೈಯಲ್ಲಿ ರಾಜ್ಯದ ಸೂತ್ರವಿತ್ತು; ಅರಸ ಹೆಸರಿಗೆ ಮಾತ್ರ. ಹೈದರ್ ಅಲಿಯ ಏಳಿಗೆಯೊಂದಿಗೆ ಆ ಅಧಿಕಾರ ಕೊನೆಗೊಂಡಿತು. ನಂಜರಾಜಯ್ಯ ಸ್ವತಃ ಕನ್ನಡ ಗ್ರಂಥಕರ್ತ. ಸಾಹಿತ್ಯ ಚರಿತ್ರೆಕಾರರು ಇವನನ್ನು ಕಳಲೆ ನಂಜರಾಜ ಎನ್ನುತ್ತಾರೆ. ಈತನನ್ನು ಕುರಿತು ನರಸಿಂಹಕವಿ ಸಂಸ್ಕೃತದಲ್ಲಿ ‘ನಂಜರಾಜಯಶೋಭೂಷಣ’ ಎಂಬ ಅಲಂಕಾರ ಗ್ರಂಥವನ್ನು ರಚಿಸಿದ. ಊರು, ದೇವರು ಎರಡೂ ಇವನ ಹೆಸರಿನಲ್ಲಿ ಸೇರಿವೆ.

ಹೆಸರನ್ನು ಪೂರ್ತಿ ಬರೆದ ಲೇಖಕಿ

ನಂಜನಗೂಡನ್ನು ಮೊಟಕುಗೊಳಿಸದೆ ಪುಸ್ತಕದ ಮುಖಪುಟಕ್ಕೆ ತಂದ ಕೀರ್ತಿ ನಂಜನಗೂಡು ತಿರುಮಲಾಂಬ (1887-1982) ಅವರದು. ಬಾಲ್ಯವಿವಾಹವಾಗಿ ಎಳೆಯ ವಯಸ್ಸಿನಲ್ಲೇ ವೈಧವ್ಯಕ್ಕೆ ಗುರಿಯಾದ ಇವರು ತವರಿನಲ್ಲಿದ್ದು, ತಂದೆಯ ಪ್ರೋತ್ಸಾಹದಿಂದ ಓದಿ ಬರೆಯತೊಡಗಿದರು. ಮೊದಲ ಕಾದಂಬರಿ ‘ಸುಶೀಲೆ’ 1913ರಲ್ಲಿ ಹೊರಬಂದಿತು. ‘ಸತೀಹಿತೈಷಿಣಿ’ ಗ್ರಂಥಮಾಲೆಯನ್ನು ತಾವೇ ನಡೆಸಿ ಪ್ರಕಾಶಕಿಯಾದರು. ‘ಕರ್ನಾಟಕ ನಂದಿನಿ’ ಮತ್ತು ‘ಸನ್ಮಾರ್ಗದರ್ಶಿನಿ’ ಪತ್ರಿಕೆಗಳನ್ನು ಹೊರಡಿಸಿ ಸಂಪಾದಕಿಯಾದರು. ಹೊಸಗನ್ನಡದ ಮೊದಲ ಪತ್ರಕರ್ತೆ ಎಂಬ ಮನ್ನಣೆ ಇವರಿಗೆ ಸಲ್ಲುತ್ತದೆ.

ವಿಧವೆಯೊಬ್ಬಳು ಮನೆಯಿಂದ ಹೊರಗೆ ಕಾಣಿಸಿಕೊಳ್ಳುವುದೇ ಅಪರೂಪವಾಗಿದ್ದ ಕಾಲವದು. ಗಂಡನ ಹೆಸರಿನ ಆಸರೆಯಿಲ್ಲದೆ, ತಂದೆಯ ಹೆಸರಿನ ಅಕ್ಷರವನ್ನೂ ಇಟ್ಟುಕೊಳ್ಳದೆ, ಹುಟ್ಟಿದ ಊರನ್ನೇ ಮುಂದಿಟ್ಟುಕೊಂಡು ಓದುಗರ ಎದುರು ನಿಂತದ್ದು ಸಣ್ಣ ಸಂಗತಿಯಲ್ಲ. ಅವರ ಪುಸ್ತಕಗಳು ಇಂದು ಸುಲಭವಾಗಿ ಸಿಗುವುದಿಲ್ಲ. ಆದರೆ ಲೇಖಕಿಯರಿಗೆ ನೀಡಲಾಗುವ ‘ನಂಜನಗೂಡು ತಿರುಮಲಾಂಬ’ ಪ್ರಶಸ್ತಿಯಲ್ಲಿ ಹೆಸರು ಅದೇ ಪೂರ್ಣ ರೂಪದಲ್ಲಿ ಉಳಿದಿದೆ.

ಹಲ್ಲುಪುಡಿ ಮತ್ತು ರಸಬಾಳೆ

‘ಸುಶೀಲೆ’ ಪ್ರಕಟವಾದ 1913ರಲ್ಲಿಯೇ ನಂಜನಗೂಡಿನಲ್ಲಿ ಆಯುರ್ವೇದ ವೈದ್ಯ ಬಿ.ವಿ. ಪಂಡಿತರು ‘ಸದ್ವೈದ್ಯಶಾಲೆ’ಯನ್ನು ಸ್ಥಾಪಿಸಿದರು. ಸಂಸ್ಥೆ ಹಲವು ಔಷಧಗಳನ್ನು ತಯಾರಿಸಿತಾದರೂ ಜನರ ಬಾಯಲ್ಲಿ ನಿಂತದ್ದು (ಅಕ್ಷರಶಃ) ಅದರ ಹಲ್ಲುಪುಡಿ. ತಯಾರಕರ ಹೆಸರಾಗಲಿ ಸಂಸ್ಥೆಯ ಹೆಸರಾಗಲಿ ಗ್ರಾಹಕರಿಗೆ ಬೇಕಾಗಲಿಲ್ಲ. ಅಂಗಡಿಯಲ್ಲಿ ‘ನಂಜನಗೂಡು ಹಲ್ಲುಪುಡಿ’ ಎಂದರೆ ಸಾಕಿತ್ತು. ಬೇವಿನ ಕಡ್ಡಿ, ಇದ್ದಿಲು, ಬೂದಿಗಳಲ್ಲಿ ಹಲ್ಲುಜ್ಜುತ್ತಿದ್ದ ಮನೆಗಳಿಗೆ ಪೊಟ್ಟಣದಲ್ಲಿ ಬಂದ ಈ ಪುಡಿಯ ಮೂಲಕವೇ ಊರಿನ ಹೆಸರನ್ನು ಮೊದಲು ಕೇಳಿದವರು ಬಹಳ ಮಂದಿ.

ಹಲ್ಲುಪುಡಿಯ ಹೆಸರು ಒಂದು ಸಂಸ್ಥೆಯ ಸ್ವತ್ತು. ಬಾಳೆಯದು ಹಾಗಲ್ಲ. ನಂಜನಗೂಡು ರಸಬಾಳೆ 2005-06ನೇ ಸಾಲಿನಲ್ಲಿ ಭೌಗೋಳಿಕ ಸೂಚಕ ಮಾನ್ಯತೆ ಪಡೆಯಿತು. ಇದಕ್ಕೆ ಆಧಾರವಾದದ್ದು 1999ರಲ್ಲಿ ಸಂಸತ್ತು ಅಂಗೀಕರಿಸಿ 2003ರಲ್ಲಿ ಜಾರಿಗೆ ಬಂದ ಕಾಯಿದೆ. ಈ ಕಾಯಿದೆಯಂತೆ ಹೆಸರು ವ್ಯಕ್ತಿಯೊಬ್ಬನದಲ್ಲ, ಕಂಪನಿಯದೂ ಅಲ್ಲ. ಗುರುತಿಸಲಾದ ಪ್ರದೇಶದಲ್ಲಿ ಬೆಳೆಯುವವರೆಲ್ಲರದು. ಮಾರುವ ಹಕ್ಕೂ ಇಲ್ಲ. ಕುಲನಾಮವನ್ನು ಹೋಲುವ ಹಕ್ಕು ಇದೆನ್ನಬಹುದು.

ರಸಬಾಳೆ ವರ್ಗದ ಹಣ್ಣು ದೇಶದ ಬೇರೆಡೆಯೂ ಉಂಟು: ತಮಿಳುನಾಡಿನಲ್ಲಿ ರಸ್ತಾಳಿ, ಆಂಧ್ರದಲ್ಲಿ ಅಮೃತಪಾಣಿ, ಬಿಹಾರದಲ್ಲಿ ಮಾಲ್‌ಭೋಗ್ ಎಂದು ಕರೆಯುವ ಬಾಳೆಗಳು ಇದೇ ವರ್ಗಕ್ಕೆ ಸೇರುತ್ತವೆ. ನಂಜನಗೂಡಿನ ಹಣ್ಣಿನ ಪರಿಮಳ ಮತ್ತು ಸವಿಗೆ ಕಪಿಲೆಯ ತೀರದ ಮಣ್ಣೇ ಕಾರಣವೆಂದು ಬೆಳೆಗಾರರು ನಂಬುತ್ತಾರೆ. ದೇವರಸನಹಳ್ಳಿಯ ತೋಟಗಳು ಈ ಬೆಳೆಗೆ ವಿಶೇಷವಾಗಿ ಹೆಸರಾಗಿದ್ದವು.

ಹೆಸರು ರಕ್ಷಣೆ ಪಡೆಯುವ ಹೊತ್ತಿಗೆ ತೋಟಗಳು ಬರಿದಾಗಿದ್ದವು. ಫ್ಯುಸೇರಿಯಂ ಎಂಬ ಶಿಲೀಂಧ್ರದಿಂದ ಬರುವ ಪನಾಮ ಸೊರಗು ರೋಗಕ್ಕೆ ಈ ವರ್ಗದ ಬಾಳೆ ಸುಲಭದ ತುತ್ತು. ಶಿಲೀಂಧ್ರ ಬೇರಿನ ಮೂಲಕ ಒಳಹೊಕ್ಕು ನೀರು ಸಾಗುವ ನಾಳಗಳನ್ನು ಕಟ್ಟಿಬಿಡುತ್ತದೆ. ಎಲೆಗಳು ಹಳದಿಗಟ್ಟಿ ಕಾಂಡದ ಸುತ್ತ ಜೋತುಬೀಳುತ್ತವೆ. ಔಷಧ ಸಿಂಪಡಿಸಿ ಗುಣಪಡಿಸುವ ರೋಗವಿದಲ್ಲ. ಸೋಂಕು ಮಣ್ಣಿನಲ್ಲಿ ದಶಕಗಳವರೆಗೆ ಉಳಿಯುತ್ತದೆ, ರೋಗವಿರುವ ತೋಟದಿಂದ ತಂದ ಕಂದಿನೊಡನೆ ಹೊಸ ತೋಟಕ್ಕೂ ಹೋಗುತ್ತದೆ. ಬೆಳೆಗಾರರು ಏಲಕ್ಕಿ ಬಾಳೆ ಮೊದಲಾದ ಬೇರೆ ತಳಿಗಳತ್ತ ಹೊರಳಿದರು. ಅಂಗಾಂಶ ಕೃಷಿಯ ಸೋಂಕುರಹಿತ ಸಸಿಗಳನ್ನು ನೆಡಿಸಿ ಬೆಳೆಯನ್ನು ಮರಳಿ ತರಲು ತೋಟಗಾರಿಕೆ ಇಲಾಖೆ ಪ್ರಯತ್ನಿಸಿದೆ. ಸಸಿ ಶುದ್ಧವಾಗಿದ್ದರೂ ನೆಡುವ ಮಣ್ಣು ಶುದ್ಧವಾಗಿರಬೇಕು ಎಂಬುದೇ ತೊಡಕು. ಅಂದರೆ ಹೆಸರು ಯಾವ ನೆಲಕ್ಕೆ ಸೇರಿದೆಯೋ ಆ ನೆಲದಲ್ಲೇ ರೋಗವಿದೆ. ನೆಲ ಬಿಟ್ಟು ಬೆಳೆದರೆ ಹೆಸರಿನ ಹಕ್ಕಿಲ್ಲ.

‘ಟಿ’ ಎಂದರೆ ತಿರುಮಕೂಡಲು

ಕಪಿಲೆಯ ಒಂದು ದಡದಲ್ಲಿ ಗುಂಜಾ ನರಸಿಂಹಸ್ವಾಮಿಯ ನರಸೀಪುರ, ಆಚೆಯ ದಡದಲ್ಲಿ ಅಗಸ್ತ್ಯೇಶ್ವರನ ತಿರುಮಕೂಡಲು. ಎರಡೂ ಸೇರಿ ತಿರುಮಕೂಡಲು ನರಸೀಪುರ. ಕಾವೇರಿ, ಕಪಿಲೆಗಳೊಡನೆ ಗುಪ್ತಗಾಮಿನಿ ಸ್ಫಟಿಕ ಸರೋವರವೂ ಇಲ್ಲಿ ಸೇರುತ್ತದೆಂಬ ನಂಬಿಕೆಯಿಂದ ಇದು ತ್ರಿವೇಣಿ ಸಂಗಮ. 1989ರಿಂದ ಇಲ್ಲಿ ಕುಂಭಮೇಳ ನಡೆಯುತ್ತಿದೆ. ಹಾಸನ ಜಿಲ್ಲೆಯ ಹೊಳೆನರಸೀಪುರದಿಂದ ಬೇರೆಯೆಂದು ತೋರಿಸಲು ಮೊದಲ ಪದ ಅಗತ್ಯವೇ. ಆದರೂ ಕಚೇರಿಯ ಕಡತ, ಬಸ್ಸಿನ ಫಲಕಗಳಲ್ಲಿ ಅದು ‘ಟಿ’ ಆಗಿಹೋಯಿತು. ಮನುಷ್ಯರ ಹೆಸರಿನಲ್ಲಿ ಊರು ಅಕ್ಷರವಾಗುವುದು ವಾಡಿಕೆ. ಇಲ್ಲಿ ಊರೇ ತನ್ನ ಹೆಸರಿನೊಳಗೆ ಅಕ್ಷರವಾಗಿದೆ.

ಇದೇ ಅಕ್ಷರ ಪಿಟೀಲು ವಿದ್ವಾಂಸ ಟಿ. ಚೌಡಯ್ಯನವರ ಹೆಸರಿನಲ್ಲಿದೆ. 1895ರಲ್ಲಿ ಜನಿಸಿದ ತಿರುಮಕೂಡಲು ಚೌಡಯ್ಯನವರು ಮೈಸೂರಿನಲ್ಲಿ ಬಿಡಾರಂ ಕೃಷ್ಣಪ್ಪನವರ ಶಿಷ್ಯರಾದರು. ದೊಡ್ಡ ಸಭೆಯ ಹಿಂದಿನ ಸಾಲಿಗೂ ನಾದ ಮುಟ್ಟಬೇಕೆಂದು ನಾಲ್ಕು ತಂತಿಯ ವಾದ್ಯಕ್ಕೆ ಮೂರು ತಂತಿಗಳನ್ನು ಸೇರಿಸಿ ಏಳು ತಂತಿಯ ಪಿಟೀಲನ್ನು ರೂಢಿಗೆ ತಂದರು. 1957ರಲ್ಲಿ ಮದರಾಸಿನ ಸಂಗೀತ ಅಕಾಡೆಮಿಯ ‘ಸಂಗೀತ ಕಲಾನಿಧಿ’ ಗೌರವ ಪಡೆದರು, 1967ರಲ್ಲಿ ನಿಧನರಾದರು. ಬೆಂಗಳೂರಿನಲ್ಲಿ ಪಿಟೀಲಿನ ಆಕಾರದಲ್ಲಿಯೇ ನಿರ್ಮಾಣಗೊಂಡ ಚೌಡಯ್ಯ ಸ್ಮಾರಕ ಭವನ 1980ರಿಂದ ಅವರ ಹೆಸರನ್ನು ಸಾರುತ್ತಿದೆ. ಭವನದ ಹೆಸರಿನಲ್ಲಿ ‘ಟಿ’ ಕೂಡ ಇಲ್ಲ. ಊರು ಉಳಿದಿರುವುದು ಅವರ ರಚನೆಗಳಲ್ಲಿ: ವಾಗ್ಗೇಯಕಾರರಾಗಿ ಅವರು ಬಳಸಿದ ಅಂಕಿತ ‘ತ್ರಿಮಕುಟ’.

ದೇವನೂರ ಮತ್ತು ಊರ ಹಕ್ಕು

ನಂಜನಗೂಡು ತಾಲ್ಲೂಕಿನ ದೇವನೂರು ಕನ್ನಡಿಗರಿಗೆ ಪರಿಚಯವಾದದ್ದು ‘ಒಡಲಾಳ’, ‘ಕುಸುಮಬಾಲೆ’ಗಳ ಲೇಖಕ ದೇವನೂರ ಮಹಾದೇವ ಅವರಿಂದ. (ಕಡೂರು ತಾಲ್ಲೂಕಿನಲ್ಲಿಯೂ ಒಂದು ದೇವನೂರು ಇದೆ, ‘ಜೈಮಿನಿ ಭಾರತ’ದ ಲಕ್ಷ್ಮೀಶ ಅಲ್ಲಿಯವನೆನ್ನಲಾಗುತ್ತದೆ.) ‘ಕುಸುಮಬಾಲೆ’ಗೆ 1990ರ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂದಿತು. ಇಲ್ಲಿ ಗಮನಿಸಬೇಕಾದದ್ದು ವಿಭಕ್ತಿ: ‘ದೇವನೂರು’ ಅಲ್ಲ, ‘ದೇವನೂರ’. ದೇವನೂರಿನ ಮಹಾದೇವ ಎಂಬುದೇ ಅರ್ಥ. ಲಿಯನಾರ್ಡೊ ದ ವಿಂಚಿ ಎಂಬಲ್ಲಿನ ‘ದ’ ಇದೇ ಕೆಲಸ ಮಾಡುತ್ತದೆ. ಊರು ಮತ್ತು ಕೇರಿ ಬೇರೆಯಾಗಿಯೇ ಇರುವ ಹಳ್ಳಿಗಳ ನಾಡಿನಲ್ಲಿ ದಲಿತ ಲೇಖಕರೊಬ್ಬರು ಇಡೀ ಊರನ್ನು ತಮ್ಮ ಹೆಸರಿಗೆ ತೆಗೆದುಕೊಂಡಿರುವುದಕ್ಕೆ ವ್ಯಾಕರಣವನ್ನು ಮೀರಿದ ಅರ್ಥವಿದೆ. ಇದೇ ತಾಲ್ಲೂಕಿನ ಸುತ್ತೂರು, ಅಲ್ಲಿನ ಮಠದಿಂದಾಗಿ ಪೀಠಾಧಿಪತಿಗಳ ಹೆಸರಿಗೆ ಸೇರಿ ‘ಸುತ್ತೂರು ಶ್ರೀ’ ಎಂದಾಗಿದೆ.

ಹೊರಗಿನಿಂದ ಬಂದ ಹೆಸರುಗಳು

ಕೈಗಾರಿಕೆಗಳೊಡನೆ ನಂಜನಗೂಡಿಗೆ ಪರಸ್ಥಳದ ಹೆಸರುಗಳೂ ಬಂದವು. ತಾಂಡವಪುರದ ಬಟ್ಟೆ ಕಾರ್ಖಾನೆ ರೀಡ್ ಅಂಡ್ ಟೇಲರ್ ಎಂಬ ಸ್ಕಾಟ್ಲೆಂಡಿನ ಇಬ್ಬರ ಕುಲನಾಮಗಳನ್ನು ಹೊತ್ತಿತ್ತು. ಕಂಪನಿ ಅನಂತರ ದಿವಾಳಿ ಪ್ರಕ್ರಿಯೆಗೆ ಒಳಗಾಯಿತು. ಅಳಗಂಚಿಯ ಸಕ್ಕರೆ ಕಾರ್ಖಾನೆಗೆ ತಮಿಳುನಾಡಿನ ಸತ್ಯಮಂಗಲದ ಬಳಿಯ ಬಣ್ಣಾರಿ ಅಮ್ಮನ ಹೆಸರಿದೆ. ಮೈಸೂರು-ನಂಜನಗೂಡು ರಸ್ತೆಯ ಕಡಕೊಳದ ಬಳಿ ದ್ವಿಚಕ್ರ ವಾಹನ ತಯಾರಿಸುವ ಟಿವಿಎಸ್‌ನ ‘ಟಿ’ ಕೂಡ ಒಂದು ಊರೇ: ಸಂಸ್ಥಾಪಕ ಸುಂದರಂ ಅಯ್ಯಂಗಾರ್ ಅವರ ತಿರುಕ್ಕುರುಂಗುಡಿ.

1989ರಲ್ಲಿ ಆರಂಭವಾದ ನೆಸ್ಲೆ ಕಾಫಿ ಕಾರ್ಖಾನೆಯದು ವಿಶೇಷ ಪ್ರಸಂಗ. ಜರ್ಮನಿಯಲ್ಲಿ ಹುಟ್ಟಿ ಸ್ವಿಟ್ಜರ್ಲೆಂಡಿನಲ್ಲಿ ನೆಲೆಸಿದ ಹೆನ್ರಿ ನೆಸ್ಲೆಯ ಕುಲನಾಮಕ್ಕೆ ಅವರ ನಾಡಿನ ಆಡುನುಡಿಯಲ್ಲಿ ‘ಪುಟ್ಟ ಗೂಡು’ ಎಂದರ್ಥ. ಕಂಪನಿಯ ಲಾಂಛನದಲ್ಲಿರುವ ಹಕ್ಕಿಗೂಡು ಅದರ ಚಿತ್ರವೇ. ಆ ಗೂಡು ನಂಜನ ಗೂಡಿಗೆ ಬಂದು ಸೇರಿದ್ದು ಆಕಸ್ಮಿಕ.

ಈಗ ಊರ ಹೆಸರಿಗೆ ಹೊಸ ಸ್ಥಾನ ಒದಗಿಸಿರುವುದು ಪಾಸ್‌ಪೋರ್ಟ್. ಅರ್ಜಿಯಲ್ಲಿ ಇನಿಷಿಯಲ್‌ಗಳನ್ನು ಹಾಗೆಯೇ ಬರೆಯುವಂತಿಲ್ಲ, ಬಿಡಿಸಿ ಬರೆಯಬೇಕು. ಉಪನಾಮಕ್ಕೆ ಪ್ರತ್ಯೇಕ ಅಂಕಣವಿದೆ. ಹೀಗೆ ಬಿಡಿಸುವಾಗ ‘ಎನ್’ ನಂಜನಗೂಡಾಗಿ ಕೊನೆಗೆ ಹೋಗಿ ಕೂರುತ್ತದೆ, ವಿದೇಶದಲ್ಲಿ ಹುಟ್ಟುವ ಮಕ್ಕಳಿಗೆ ಇಟಲಿಯ ಕ್ರಮದಲ್ಲಿಯೇ ದಾಟುತ್ತದೆ. ಆದರೆ ‘ಟಿ’ಯನ್ನು ಬಿಡಿಸಬೇಕಾದವರು ಅದು ತಿರುಮಕೂಡಲೋ, ತೀರ್ಥಪುರವೋ, ತಲಕಾಡೋ ಎಂದು ಮನೆಯ ಹಿರಿಯರನ್ನು ಕೇಳಿ ತಿಳಿಯಬೇಕಾಗುತ್ತದೆ.