ಸವುಡಿನ ಪರ್ಮಿಟ್ಟಿನಲ್ಲಿ ಸಾಗಿದ ಮರಳು

1895ರಲ್ಲಿ ಪೆನ್ನಿಕ್ವಿಕ್ ಎಂಬ ಎಂಜಿನಿಯರ್ ಪಡುವಣಕ್ಕೆ ಹರಿಯುತ್ತಿದ್ದ ಪೆರಿಯಾರ್ ಹೊಳೆಗೆ ಅಣೆ ಕಟ್ಟಿ, ಗುಡ್ಡ ಕೊರೆದು, ನೀರನ್ನು ಮೂಡಣಕ್ಕೆ ತಿರುಗಿಸಿದ ಮೇಲೆ ತಮಿಳುನಾಡಿನ ತೇಣಿ ಸೀಮೆಯ ಕಂಬಂ ಕಣಿವೆಯ ಗದ್ದೆಗಳು ಎರಡು ಬೆಳೆ ಕಂಡವು. ತಲೆಮಾರುಗಳಿಂದ ಮನೆಯೊಳಗೆ ಕನ್ನಡವನ್ನೇ ಆಡುವ ಕಪ್ಪಿಲಿಯ ಒಕ್ಕಲಿಗರೂ ಈ ಕಣಿವೆಯ ರೈತರೇ. ಹೊಳೆಯ ಮರಳು ನೀರು ಹಿಡಿದಿಟ್ಟರೆ ದಡದ ಬಾವಿಗಳಿಗೆ ಜೀವ. ಮರಳು ಹೋದರೆ ಬಾವಿ ಬತ್ತುತ್ತದೆ. ಹಾಗಾಗಿ ಇಲ್ಲಿ ಗಣಿ ಅರ್ಜಿಯೆಂದರೆ ಬೇಸಾಯದ ಪ್ರಶ್ನೆಯೂ ಹೌದು.

ಇದೇ ಸೀಮೆಯ ವೈಗೈ ಅಣೆಕಟ್ಟು ಉದ್ಘಾಟನೆಯಾದ 1959ರಲ್ಲೇ ಮದ್ರಾಸ್ ರಾಜ್ಯದ ಉಪಖನಿಜ ನಿಯಮಗಳೂ ಬಂದವು. ಕಲ್ಲು, ಮರಳು, ಗ್ರಾವೆಲ್ ತೆಗೆಯಲು ಯಾರು ಯಾರಿಗೆ ಅರ್ಜಿ ಹಾಕಬೇಕು, ಸರ್ಕಾರಕ್ಕೆ ಎಷ್ಟು ರಾಯಧನ ಕಟ್ಟಬೇಕು ಎಂಬುದೆಲ್ಲ ಅದರಲ್ಲಿತ್ತು. ಆಗ ತೇಣಿಯೂ ದಿಂಡಿಗಲ್ಲೂ ಮಧುರೆ ಜಿಲ್ಲೆಯೊಳಗೇ ಇದ್ದವು. ದಿಂಡಿಗಲ್ 1985ರಲ್ಲಿ ಬೇರೆಯಾಯಿತು, ತೇಣಿ 1996ರಲ್ಲಿ.

ಅರ್ಜಿ ಕೊಟ್ಟವನಿಗೆ ಹಕ್ಕು ಹುಟ್ಟುತ್ತದೆಯೇ? ಈ ಪ್ರಶ್ನೆ ಕಪ್ಪು ಗ್ರಾನೈಟಿನ ವಿಚಾರದಲ್ಲಿ ಎದ್ದಿತು. 1977ರ ಡಿಸೆಂಬರಿನಲ್ಲಿ ತಮಿಳುನಾಡು ಸರ್ಕಾರ ಖಾಸಗಿಯವರಿಗೆ ಕಪ್ಪು ಗ್ರಾನೈಟ್ ಗುತ್ತಿಗೆ ಕೊಡುವುದನ್ನು ನಿಲ್ಲಿಸಿತು. ಅದಕ್ಕೂ ಮೊದಲೇ ಅರ್ಜಿ ಹಾಕಿದವರು ಹಳೆಯ ನಿಯಮದಂತೆಯೇ ತೀರ್ಮಾನವಾಗಲಿ ಎಂದು ಪಟ್ಟು ಹಿಡಿದರು. ಹಿಂದ್ ಸ್ಟೋನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1981ರಲ್ಲಿ ಅದನ್ನು ಒಪ್ಪಲಿಲ್ಲ. ತೀರ್ಮಾನದ ದಿನ ಜಾರಿಯಲ್ಲಿರುವ ನಿಯಮವೇ ಲೆಕ್ಕ, ಅರ್ಜಿಯ ದಿನದ್ದಲ್ಲ. ನೆಲದೊಳಗಿನ ಸಂಪತ್ತು ಸಾಲಿನಲ್ಲಿ ಮೊದಲು ನಿಂತವನದಲ್ಲ ಎಂದು ದೃಢವಾಗಿ ಹೇಳಿದ ಒಳ್ಳೆಯ ತೀರ್ಪದು.

ಮರಳಿನ ಸರದಿ ಬಂದದ್ದು 2003ರ ಅಕ್ಟೋಬರ್ 2ರಂದು. 1959ರ ನಿಯಮಗಳಿಗೆ 38-ಎ ಸೇರಿಸಿ, ಮರಳು ತೆಗೆಯುವ ಹಕ್ಕನ್ನು ಸರ್ಕಾರ ತಾನೇ ಇಟ್ಟುಕೊಂಡಿತು. 2006ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿಯಿತು.

ಬಾಗಿಲು ಮುಚ್ಚಿತು, ಕಿಟಕಿ ಉಳಿಯಿತು. ಹೊಳೆಯ ಪಕ್ಕದ ಪಟ್ಟಾ ಜಮೀನಿನಲ್ಲಿ ಸವುಡು ತೆಗೆಯುತ್ತೇವೆಂದು ಅರ್ಜಿ ಹಾಕುವ ದಾರಿಯಿತ್ತು. ಸವುಡು ಎಂದರೆ ತಗ್ಗು ತುಂಬಲು ಬಳಸುವ ಅಗ್ಗದ ಮಣ್ಣು. ಮೇಲಿನ ಆ ಪದರ ತೆಗೆದರೆ ಕೆಳಗೆ ಹೊಳೆ ಹಿಂದೆಂದೋ ಬಿಟ್ಟುಹೋದ ಮರಳು. ಕಾಗದದಲ್ಲಿ ಸವುಡು, ಲಾರಿಯಲ್ಲಿ ಮರಳು. ಲಾರಿಯವರು ‘ನಡೈಚೀಟ್ಟು’ ಎನ್ನುವ ರಹದಾರಿ ಚೀಟಿಯಲ್ಲಿ ಗಾಡಿಯ ನಂಬರ್, ಹೊರಟ ಹೊತ್ತು, ಮುಟ್ಟುವ ಊರು ಎಲ್ಲವೂ ಇರಬೇಕು. ಒಂದೇ ಚೀಟಿಯಲ್ಲಿ ಹಲವು ಸಲ ಓಡಿಸುವುದು ಈ ದಂಧೆಯ ಹಳೆಯ ಚಾಳಿ. ಬಳ್ಳಾರಿಯ ಅದಿರಿನಲ್ಲೂ ಪರ್ಮಿಟ್ಟಿನ ಮೋಸ ಕಂಡ ಕನ್ನಡಿಗರಿಗೆ ಇದೇನೂ ಹೊಸತಲ್ಲ.

ಕಾನೂನು ಹಂತ ಹಂತವಾಗಿ ಬಿಗಿಯಾಯಿತು. ಐದು ಹೆಕ್ಟೇರಿಗಿಂತ ಚಿಕ್ಕ ಗಣಿಗೂ ಪರಿಸರ ಅನುಮತಿ ಬೇಕೆಂದು 2012ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ದೊಡ್ಡ ಜಾಗವನ್ನು ತುಂಡುಮಾಡಿ ಅನುಮತಿ ತಪ್ಪಿಸಿಕೊಳ್ಳುವುದನ್ನು ಅದು ಗಮನಿಸಿತ್ತು. ಅದೇ ವರ್ಷ ಪಕ್ಕದ ಮಧುರೆಯ ಜಿಲ್ಲಾಧಿಕಾರಿ ಸಗಾಯಂ ಗ್ರಾನೈಟ್ ಅಕ್ರಮವನ್ನು ವರದಿ ಮಾಡಿದರು. 2014ರಲ್ಲಿ ಮದ್ರಾಸ್ ಹೈಕೋರ್ಟ್ ಅವರನ್ನೇ ತನಿಖೆಗೆ ನೇಮಿಸಿತು. ಸರ್ಕಾರಿ ನೆಲದ ಮರಳನ್ನು ಹೊತ್ತೊಯ್ದರೆ ಕಳವಿನ ಮೊಕದ್ದಮೆಯನ್ನೂ ಹೂಡಬಹುದೆಂದು ಅದೇ ವರ್ಷ ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿತು.

ಸವುಡಿನ ಕಿಟಕಿಗೆ ಕೈಹಾಕಿದ್ದು ತೇಣಿ, ದಿಂಡಿಗಲ್‌ಗಳೂ ಸೇರುವ ಹೈಕೋರ್ಟಿನ ಮಧುರೆ ಪೀಠ. ಸವುಡು ಎಂಬ ಆಡುಮಾತಿನ ಹೆಸರಲ್ಲಿ ಅನುಮತಿ ಕೊಡಬಾರದು, ಅಲ್ಲಿ ಏನಿದೆಯೆಂದು ಮೊದಲು ಪ್ರಯೋಗಾಲಯದಲ್ಲಿ ಪರೀಕ್ಷಿಸಬೇಕು ಎಂದು 2021ರಲ್ಲಿ ಆದೇಶಿಸಿತು. ಅರವತ್ತು ವರ್ಷ ಕಳೆದ ಮೇಲಾದರೂ ಅರ್ಜಿಯ ಬರಹವನ್ನು ನೆಲದ ಮಣ್ಣಿನೊಡನೆ ತಾಳೆ ನೋಡುವ ಮಾತು ಬಂತು.

ಅಷ್ಟಕ್ಕೇ ನಿಲ್ಲಬಾರದು. ಅರ್ಜಿ ಬಂದ ದಿನವೇ ಅದರ ಸರ್ವೆ ನಂಬರು, ತೆಗೆಯುವ ಆಳ, ಮಣ್ಣಿನ ವರದಿ ಊರಿನ ಪಂಚಾಯಿತಿ ಗೋಡೆಯ ಮೇಲೆ ಬರಬೇಕು. ಬಾವಿ ಬತ್ತಿದರೆ ನಷ್ಟ ಅನುಭವಿಸುವವರು ಅದನ್ನು ಮೊದಲು ಓದಲಿ.