ಚಾಲನಾ ಪರೀಕ್ಷೆ ಮತ್ತು ಸಾರಿಗೆ ಅಧಿಕಾರಿಗಳ ಕಾನೂನುಬದ್ಧ ಅಧಿಕಾರ (ಭಾರತ)

ಭಾರತದಲ್ಲಿ ಮೋಟಾರು ವಾಹನ ಚಾಲನಾ ಪರವಾನಗಿ ಪಡೆಯಲು ನಡೆಸುವ ಅರ್ಹತಾ ಪರೀಕ್ಷೆಯನ್ನು ಚಾಲನಾ ಪರೀಕ್ಷೆ ಎನ್ನುತ್ತಾರೆ. ಈ ಪರೀಕ್ಷೆಯನ್ನು ರಾಜ್ಯ ಸರ್ಕಾರಗಳ ಸಾರಿಗೆ ಇಲಾಖೆಯ ಅಧಿಕಾರಿಗಳು ನಡೆಸುತ್ತಾರೆ. ಆದರೆ ಪರೀಕ್ಷೆಯ ಸ್ವರೂಪವನ್ನು ನಿಗದಿಪಡಿಸುವ ಅಧಿಕಾರ ಕೇಂದ್ರ ಸರ್ಕಾರದ್ದು. ಪರೀಕ್ಷೆ ನಡೆಸುವ ಅಧಿಕಾರಕ್ಕೂ ಅದರ ನಿಯಮಗಳನ್ನು ರಚಿಸುವ ಅಧಿಕಾರಕ್ಕೂ ಇರುವ ಈ ವ್ಯತ್ಯಾಸವು ಹಲವು ವಿವಾದಗಳಿಗೆ ಕಾರಣವಾಗಿದೆ.

ಹಿನ್ನೆಲೆ

ಮೋಟಾರು ವಾಹನಗಳಿಗೆ ಸಂಬಂಧಿಸಿದಂತೆ ಬ್ರಿಟಿಷರ ಆಳ್ವಿಕೆಯಲ್ಲಿ 1914ರಲ್ಲಿ ಒಂದು ಅಧಿನಿಯಮವೂ 1939ರಲ್ಲಿ ಇನ್ನೊಂದು ಅಧಿನಿಯಮವೂ ರಚನೆಯಾದವು. ಇವುಗಳ ಸ್ಥಾನದಲ್ಲಿ ಬಂದ ಮೋಟಾರು ವಾಹನಗಳ ಅಧಿನಿಯಮ, 1988 ಎಂಬ ಕಾನೂನು 1989ರ ಜುಲೈ 1ರಂದು ಜಾರಿಗೆ ಬಂದಿತು. ಸಂವಿಧಾನದ ಏಳನೆಯ ಅನುಸೂಚಿಯಲ್ಲಿ ಯಂತ್ರಚಾಲಿತ ವಾಹನಗಳ ವಿಷಯವು ಸಮವರ್ತಿ ಪಟ್ಟಿಯ 35ನೆಯ ನಮೂದಾಗಿದೆ. ಆದ್ದರಿಂದ ಸಂಸತ್ತು ಮತ್ತು ರಾಜ್ಯ ವಿಧಾನಮಂಡಲಗಳೆರಡೂ ಈ ಬಗ್ಗೆ ಶಾಸನ ರಚಿಸಬಹುದು. ಎರಡರ ನಡುವೆ ವಿರೋಧ ಕಂಡುಬಂದಲ್ಲಿ, 254ನೆಯ ವಿಧಿಯ ಪ್ರಕಾರ ಸಾಮಾನ್ಯವಾಗಿ ಸಂಸತ್ತಿನ ಶಾಸನವೇ ಊರ್ಜಿತವಾಗುತ್ತದೆ.

ಶಾಸನದ ಆಧಾರ

ಅಧಿನಿಯಮದ 3ನೆಯ ಕಲಮಿನಂತೆ ಸಾರ್ವಜನಿಕ ಸ್ಥಳದಲ್ಲಿ ವಾಹನ ಚಲಾಯಿಸಲು ಪರವಾನಗಿ ಕಡ್ಡಾಯ. 9ನೆಯ ಕಲಮಿನಂತೆ ಅಭ್ಯರ್ಥಿಯು ಕೇಂದ್ರ ಸರ್ಕಾರ ನಿಯಮಿಸಿದ ಪರೀಕ್ಷೆಯಲ್ಲಿ ಉತ್ತೀರ್ಣನಾಗಬೇಕು. ಪರೀಕ್ಷೆಯ ಬಗ್ಗೆ ನಿಯಮ ರಚಿಸುವ ಅಧಿಕಾರವನ್ನು 27ನೆಯ ಕಲಂ ಕೇಂದ್ರಕ್ಕೆ ನೀಡಿದೆ. ಕೇಂದ್ರದ ವ್ಯಾಪ್ತಿಗೆ ಸೇರದ ಉಳಿದ ವಿಷಯಗಳಲ್ಲಿ ನಿಯಮ ರಚಿಸುವ ಅಧಿಕಾರವನ್ನು 28ನೆಯ ಕಲಂ ರಾಜ್ಯಗಳಿಗೆ ಕೊಟ್ಟಿದೆ. ಸಾರಿಗೆ ಅಧಿಕಾರಿಗಳ ನೇಮಕವು 213ನೆಯ ಕಲಮಿನಡಿ ರಾಜ್ಯ ಸರ್ಕಾರದಿಂದ ಆಗುತ್ತದೆ. ಅವರು ಕಾನೂನಿನ ದೃಷ್ಟಿಯಲ್ಲಿ ಲೋಕಸೇವಕರು.

ಪರೀಕ್ಷೆಯ ಸ್ವರೂಪ

ಕೇಂದ್ರ ಮೋಟಾರು ವಾಹನಗಳ ನಿಯಮಗಳು, 1989ರಲ್ಲಿ ಎರಡು ಹಂತದ ಪರೀಕ್ಷೆಗಳಿವೆ. 11ನೆಯ ನಿಯಮದ ಪ್ರಾಥಮಿಕ ಪರೀಕ್ಷೆಯು ಕಲಿಕಾ ಪರವಾನಗಿಗೆ ಸಂಬಂಧಿಸಿದ್ದು, ಸಂಚಾರ ಚಿಹ್ನೆಗಳು ಹಾಗೂ ಅಪಘಾತದ ಸಂದರ್ಭದಲ್ಲಿ ಚಾಲಕನ ಕರ್ತವ್ಯಗಳ ಅರಿವನ್ನು ಪರಿಶೀಲಿಸುತ್ತದೆ. 15ನೆಯ ನಿಯಮವು ಪ್ರಾಯೋಗಿಕ ಪರೀಕ್ಷೆಯನ್ನು ವಿವರಿಸುತ್ತದೆ. ಕಲಿಕಾ ಪರವಾನಗಿ ಪಡೆದು ಕನಿಷ್ಠ 30 ದಿನ ಕಳೆದ ನಂತರವೇ ಈ ಪರೀಕ್ಷೆಗೆ ಹಾಜರಾಗಬಹುದು. ಪರವಾನಗಿ ಪ್ರಾಧಿಕಾರ ಅಥವಾ ರಾಜ್ಯ ಸರ್ಕಾರವು ಅಧಿಕೃತಗೊಳಿಸಿದ ವ್ಯಕ್ತಿಯು ಅದನ್ನು ನಡೆಸಬೇಕು. ಅರ್ಜಿಯಲ್ಲಿ ಕೋರಿದ ಮಾದರಿಯ ವಾಹನದಲ್ಲಿಯೇ ಪರೀಕ್ಷೆ ನಡೆಯಬೇಕು. ಕನ್ನಡಿಯನ್ನು ಸರಿಹೊಂದಿಸಿಕೊಳ್ಳುವುದು, ಸುರಕ್ಷಿತವಾಗಿ ಹೊರಡುವುದು, ಹಿಂದಿಕ್ಕುವುದು, ಹಿಮ್ಮುಖವಾಗಿ ಚಲಾಯಿಸುವುದು, ಸಂಕೇತಗಳನ್ನು ಪಾಲಿಸುವುದು ಮೊದಲಾದ ಕೌಶಲಗಳನ್ನು ನಿಯಮವೇ ಪಟ್ಟಿ ಮಾಡಿದೆ.

ಅಧಿಕಾರದ ವ್ಯಾಪ್ತಿ ಮತ್ತು ಮಿತಿ

ಅಭ್ಯರ್ಥಿಯ ಸಾಮರ್ಥ್ಯವನ್ನು ಅಳೆದು ಉತ್ತೀರ್ಣ ಅಥವಾ ಅನುತ್ತೀರ್ಣ ಎಂದು ನಿರ್ಣಯಿಸುವುದು ಪರೀಕ್ಷಾಧಿಕಾರಿಯ ವಿವೇಚನೆಗೆ ಸೇರಿದ್ದು. ಸ್ಥಳ, ದಿನಾಂಕ, ಸರದಿ ಮುಂತಾದ ದೈನಂದಿನ ವ್ಯವಸ್ಥೆಗಳನ್ನು ಇಲಾಖೆಯು ಆಡಳಿತಾತ್ಮಕ ಸೂಚನೆಗಳ ಮೂಲಕ ರೂಪಿಸಬಹುದು. ಆದರೆ ಶಾಸನವು ಹೇಳದ ಹೊಸ ಅರ್ಹತೆಯನ್ನು ಸುತ್ತೋಲೆಯಿಂದ ಸೇರಿಸಲು ಅಥವಾ ಹೇಳಿದ್ದನ್ನು ಕೈಬಿಡಲು ಸಾಧ್ಯವಿಲ್ಲ. ನಿಯಮಗಳು ಮೌನವಾಗಿರುವಲ್ಲಿ ಆಡಳಿತಾತ್ಮಕ ಸೂಚನೆಗಳು ಆ ಕೊರತೆಯನ್ನು ತುಂಬಬಹುದು, ಆದರೆ ಶಾಸನಬದ್ಧ ನಿಯಮಗಳನ್ನು ಮೀರಲಾರವು ಎಂಬ ತತ್ವವನ್ನು ಸರ್ವೋಚ್ಚ ನ್ಯಾಯಾಲಯವು 1967ರ ಸಂತ ರಾಮ್ ಶರ್ಮಾ ಪ್ರಕರಣದಲ್ಲಿ ಹೇಳಿತು. ಅದು ಸರ್ಕಾರಿ ಸೇವೆಗೆ ಸಂಬಂಧಿಸಿದ ಪ್ರಕರಣವಾಗಿದ್ದರೂ ಅದರ ತತ್ವವು ಆಡಳಿತದ ಇತರ ಕ್ಷೇತ್ರಗಳಿಗೂ ಅನ್ವಯವಾಗುತ್ತದೆ.

ಕೇರಳದ ಪ್ರಕರಣ

ಕೇರಳದ ಸಾರಿಗೆ ಆಯುಕ್ತರು 2024ರ ಫೆಬ್ರವರಿಯಲ್ಲಿ ಒಂದು ಸುತ್ತೋಲೆ ಹೊರಡಿಸಿ ಪರೀಕ್ಷೆಯ ವಿಧಾನವನ್ನು ಗಣನೀಯವಾಗಿ ಬದಲಾಯಿಸಿದರು. ದಿನವೊಂದಕ್ಕೆ ನಡೆಸುವ ಪರೀಕ್ಷೆಗಳ ಸಂಖ್ಯೆಗೆ ಮಿತಿ, 15 ವರ್ಷಕ್ಕಿಂತ ಹಳೆಯ ವಾಹನಗಳಿಗೆ ನಿಷೇಧ, ವಾಹನದಲ್ಲಿ ಕ್ಯಾಮರಾ ಅಳವಡಿಕೆ ಇತ್ಯಾದಿ ಅಂಶಗಳು ಅದರಲ್ಲಿದ್ದವು. ರಸ್ತೆ ಸುರಕ್ಷತೆಗೆ ಕಠಿಣ ಪರೀಕ್ಷೆ ಅಗತ್ಯವೆಂಬುದು ಸರ್ಕಾರದ ವಾದವಾಗಿತ್ತು. ಚಾಲನಾ ತರಬೇತಿ ಶಾಲೆಗಳು ಪ್ರತಿಭಟಿಸಿ ನ್ಯಾಯಾಲಯದ ಮೊರೆಹೋದವು. ಉಚ್ಚ ನ್ಯಾಯಾಲಯವು ಆರಂಭದಲ್ಲಿ ತಡೆಯಾಜ್ಞೆ ನೀಡಲಿಲ್ಲ. ಆದರೆ 2025ರ ಜುಲೈನಲ್ಲಿ, ಆಯುಕ್ತರಿಗೆ ಇಂತಹ ಬದಲಾವಣೆ ತರುವ ಅಧಿಕಾರವಿಲ್ಲವೆಂದು ಸುತ್ತೋಲೆಯನ್ನು ರದ್ದುಪಡಿಸಿತು. ಉದ್ದೇಶವು ಒಳ್ಳೆಯದಾಗಿದ್ದರೂ ಅದನ್ನು ಜಾರಿಗೊಳಿಸುವವರಿಗೆ ಕಾನೂನಿನ ಅಧಿಕಾರ ಇರಬೇಕೆಂಬುದಕ್ಕೆ ಈ ಪ್ರಕರಣ ನಿದರ್ಶನವಾಗಿದೆ.

ಮಾನ್ಯತೆ ಪಡೆದ ತರಬೇತಿ ಕೇಂದ್ರಗಳು

2019ರ ತಿದ್ದುಪಡಿಯ ಬಳಿಕ, ಮಾನ್ಯತೆ ಪಡೆದ ಚಾಲಕ ತರಬೇತಿ ಕೇಂದ್ರಗಳ ನಿಯಮಗಳು 2021ರ ಜುಲೈ 1ರಿಂದ ಜಾರಿಗೆ ಬಂದವು. ಇಂತಹ ಕೇಂದ್ರದಲ್ಲಿ ತರಬೇತಿ ಮುಗಿಸಿ ಅಲ್ಲಿನ ಪರೀಕ್ಷೆಯಲ್ಲಿ ತೇರ್ಗಡೆಯಾದವರಿಗೆ ಸಾರಿಗೆ ಕಚೇರಿಯ ಚಾಲನಾ ಪರೀಕ್ಷೆಯಿಂದ ವಿನಾಯಿತಿ ಇದೆ. ಆದರೆ ಪರವಾನಗಿ ನೀಡುವ ಅಧಿಕಾರವು ಪ್ರಾಧಿಕಾರದಲ್ಲಿಯೇ ಉಳಿದಿದೆ. ಸಾಮಾನ್ಯ ಚಾಲನಾ ಶಾಲೆಯ ಪ್ರಮಾಣಪತ್ರಕ್ಕೆ ಈ ವಿನಾಯಿತಿ ಇಲ್ಲ.

ಕರ್ನಾಟಕದಲ್ಲಿ

ಕರ್ನಾಟಕದಲ್ಲಿ ಪ್ರಾದೇಶಿಕ ಸಾರಿಗೆ ಅಧಿಕಾರಿ ಹಾಗೂ ಸಹಾಯಕ ಪ್ರಾದೇಶಿಕ ಸಾರಿಗೆ ಅಧಿಕಾರಿಗಳ ಕಚೇರಿಗಳು ಪರವಾನಗಿ ನೀಡುತ್ತವೆ. ಪರೀಕ್ಷೆಯನ್ನು ಮೋಟಾರು ವಾಹನ ನಿರೀಕ್ಷಕರು ನಡೆಸುತ್ತಾರೆ. ರಾಜ್ಯದ ವ್ಯಾಪ್ತಿಯ ವಿಷಯಗಳಿಗೆ ಕರ್ನಾಟಕ ಮೋಟಾರು ವಾಹನಗಳ ನಿಯಮಗಳು, 1989 ಅನ್ವಯಿಸುತ್ತವೆ. ಬೆಂಗಳೂರಿನ ಜ್ಞಾನಭಾರತಿಯಲ್ಲಿ ಸಂವೇದಕಗಳ ನೆರವಿನಿಂದ ಪರೀಕ್ಷೆ ನಡೆಸುವ ಸ್ವಯಂಚಾಲಿತ ಪಥವಿದೆ.

ಅಭ್ಯರ್ಥಿಯ ಹಕ್ಕುಗಳು

ಅನುತ್ತೀರ್ಣನಾದ ಅಭ್ಯರ್ಥಿಯು 7 ದಿನಗಳ ನಂತರ ಮತ್ತೆ ಪರೀಕ್ಷೆಗೆ ಹಾಜರಾಗಬಹುದು. ಮೂರು ಬಾರಿ ಅನುತ್ತೀರ್ಣನಾದರೆ ಕೊನೆಯ ಪರೀಕ್ಷೆಯಿಂದ 60 ದಿನ ಕಾಯಬೇಕು. ಅರ್ಜಿದಾರನು ರೂಢಿಗತ ಅಪರಾಧಿ ಅಥವಾ ಮದ್ಯವ್ಯಸನಿ ಎಂಬಂತಹ ಆಧಾರದ ಮೇಲೆ ಪರವಾನಗಿ ನಿರಾಕರಿಸುವಾಗ ಅಧಿಕಾರಿಯು ಕಾರಣಗಳನ್ನು ಲಿಖಿತವಾಗಿ ದಾಖಲಿಸಬೇಕು. ಅಂತಹ ಆದೇಶ ತಲುಪಿದ 30 ದಿನಗಳೊಳಗೆ ನಿಯಮಿತ ಪ್ರಾಧಿಕಾರಕ್ಕೆ ಮೇಲ್ಮನವಿ ಸಲ್ಲಿಸಬಹುದು. ಅಧಿಕಾರ ವ್ಯಾಪ್ತಿ ಮೀರಿದ ಸುತ್ತೋಲೆ ಅಥವಾ ಆದೇಶವನ್ನು ಸಂವಿಧಾನದ 226ನೆಯ ವಿಧಿಯಡಿ ಉಚ್ಚ ನ್ಯಾಯಾಲಯದಲ್ಲಿ ಪ್ರಶ್ನಿಸುವ ಅವಕಾಶವೂ ಇದೆ. ಪರೀಕ್ಷೆಗಾಗಿ ಲಂಚ ಕೇಳುವುದು ಭ್ರಷ್ಟಾಚಾರ ನಿಗ್ರಹ ಅಧಿನಿಯಮ, 1988ರ ಅಡಿಯಲ್ಲಿ ಅಪರಾಧ. ಕರ್ನಾಟಕದಲ್ಲಿ ಈ ಬಗ್ಗೆ ಲೋಕಾಯುಕ್ತಕ್ಕೆ ದೂರು ನೀಡಬಹುದು.