ಬಸ್ಸೇ ದಾರಿ, ಊರವರೇ ಗೈಡ್: ನರಗುಂದ, ರೋಣ, ಗಜೇಂದ್ರಗಡ

ಗದಗ ಜಿಲ್ಲೆಯ ಉತ್ತರ ಭಾಗದಲ್ಲಿ ಮೂರು ಪಟ್ಟಣಗಳು ನಕಾಶೆಯ ಮೇಲೆ ಹೆಚ್ಚುಕಡಿಮೆ ಒಂದೇ ಗೆರೆಯಲ್ಲಿವೆ. ಪಶ್ಚಿಮದ ತುದಿಗೆ ನರಗುಂದ, ನಡುವೆ ರೋಣ, ಪೂರ್ವಕ್ಕೆ ಗಜೇಂದ್ರಗಡ. ಬಾದಾಮಿ, ಐಹೊಳೆ, ಪಟ್ಟದಕಲ್ಲಿಗೆ ಕಾರಿನಲ್ಲಿ ಹೋಗುವ ನಗರವಾಸಿಗಳು ನರಗುಂದದ ಗುಡ್ಡವನ್ನು ಹೆದ್ದಾರಿಯಿಂದಲೇ ನೋಡಿ ಮುಂದೆ ಸಾಗುತ್ತಾರೆ. ಉಳಿದೆರಡು ಊರುಗಳು ಅವರ ದಾರಿಯಲ್ಲಿ ಬರುವುದೇ ಇಲ್ಲ. ಪ್ಯಾಕೇಜ್ ಪ್ರವಾಸಗಳ ಪಟ್ಟಿಯಲ್ಲಿಯೂ ಈ ಹೆಸರುಗಳು ಅಪರೂಪ.

ಆದರೆ ಈ ಮೂರೂ ಊರುಗಳ ನಡುವೆ ಸಾರಿಗೆ ಬಸ್ಸಿನ ಸಂಪರ್ಕವಿದೆ. ಇಲ್ಲಿನ ಇತಿಹಾಸವೂ ವಿಚಿತ್ರ ರೀತಿಯಲ್ಲಿ ಅದೇ ಗೆರೆಯ ಮೇಲೆ ಹರಿದಿದೆ. 1785ರಲ್ಲಿ ನರಗುಂದದ ಕಾರಣಕ್ಕೆ ಹೊತ್ತಿದ ಮೈಸೂರು–ಮರಾಠ ಯುದ್ಧ 1787ರಲ್ಲಿ ಮುಗಿದದ್ದು ಗಜೇಂದ್ರಗಡದ ಒಪ್ಪಂದದಿಂದ. ಆ ಯುದ್ಧದ ಎರಡು ತುದಿಗಳನ್ನು ಇಂದು ಒಂದೇ ದಿನದಲ್ಲಿ, ಸಾಮಾನ್ಯ ಬಸ್ಸಿನಲ್ಲಿ ಕುಳಿತು ನೋಡಬಹುದು. ಆದರೂ ಎರಡು ದಿನ ಇಟ್ಟುಕೊಳ್ಳುವುದು ಲೇಸು.

ಗೈಡ್ ಎಲ್ಲಿ ಸಿಗುತ್ತಾರೆ?

ಹಂಪಿ ಅಥವಾ ಬಾದಾಮಿಯಲ್ಲಿರುವಂತೆ ಗುರುತಿನ ಚೀಟಿ ತೊಟ್ಟ ಮಾರ್ಗದರ್ಶಿಗಳು ಇಲ್ಲಿ ಬಸ್ ನಿಲ್ದಾಣದ ಮುಂದೆ ಕಾದು ನಿಂತಿರುವುದಿಲ್ಲ. ಅನೇಕ ಗುಡಿಗಳಿಗೆ ವಿವರದ ಫಲಕವೂ ಇಲ್ಲ. ಹಾಗೆಂದು ತಿಳಿದವರು ಇಲ್ಲವೆಂದಲ್ಲ. ಗುಡಿಯ ಪೂಜಾರಿ, ನಿವೃತ್ತ ಮಾಸ್ತರರು, ಅಗಸಿ ಕಟ್ಟೆಯ ಮೇಲೆ ಕುಳಿತ ಹಿರಿಯರು, ಕೆಲವು ಕಡೆ ಹೈಸ್ಕೂಲಿನ ಹುಡುಗರು ಇಲ್ಲಿನ ನಿಜವಾದ ಮಾರ್ಗದರ್ಶಿಗಳು. ‘ಯಜ್ಜಾರ, ಈ ಗುಡಿ ಕೀಲಿ ಯಾರ ಕಡೆ ಐತ್ರಿ?’ ಎಂದು ಕೇಳಿದರೆ ಸಾಕು. ಕೀಲಿಯ ಜೊತೆಗೆ ಕಥೆಯೂ ಬರುತ್ತದೆ.

ಇವರು ಸಾಮಾನ್ಯವಾಗಿ ದರ ಹೇಳುವುದಿಲ್ಲ. ಹಣವನ್ನು ನೇರವಾಗಿ ಕೈಗಿತ್ತರೆ ಮುಜುಗರಪಡುವವರೂ ಉಂಟು. ಚಹಾ ಕುಡಿಸುವುದು, ಗುಡಿಯ ಹುಂಡಿಗೆ ಕಾಣಿಕೆ ಹಾಕುವುದು ರೂಢಿ. ಅರ್ಧ ದಿನ ಜೊತೆಗೆ ತಿರುಗಿದವರಿಗೆ ಅವರ ದಿನಗೂಲಿಯ ಲೆಕ್ಕದಲ್ಲಿ ಕೊಡುವುದು ನ್ಯಾಯ. ಇವರ ಮಾತಿನಲ್ಲಿ ಶಾಸನದ ಸಂಗತಿ, ಊರ ನಂಬಿಕೆ ಎರಡೂ ಬೆರೆತಿರುತ್ತವೆ. ಇವುಗಳನ್ನು ಬೇರ್ಪಡಿಸಿಕೊಳ್ಳುವುದು ಕೇಳುವವರ ಕೆಲಸ. ಯಾವ ಹೊಲದಲ್ಲಿ ಶಾಸನದ ಕಲ್ಲು ಬಿದ್ದಿದೆ, ಯಾವ ಮನೆಯ ಗೋಡೆಗೆ ಗುಡಿಯ ಕಂಬ ಸೇರಿದೆ ಎಂಬುದು ಹಿರಿಯರಿಗೆ ಗೊತ್ತು. ಅವರ ಮನೆಯ ಕಿರಿಯರಲ್ಲಿ ಅನೇಕರು ಹುಬ್ಬಳ್ಳಿ, ಬೆಂಗಳೂರು ಸೇರಿದ್ದಾರೆ. ಕೇಳುವವರು ಬಾರದಿದ್ದರೆ ಈ ತಿಳಿವಳಿಕೆ ಮುಂದಿನ ತಲೆಮಾರಿಗೆ ದಾಟುವುದು ಕಷ್ಟ.

ನರಗುಂದ: ಗುಡ್ಡ ಮತ್ತು ಬಂಡಾಯ

ಹುಬ್ಬಳ್ಳಿಯಿಂದ ವಿಜಯಪುರದ ಕಡೆಗೆ ಹೋಗುವ ಬಸ್ಸುಗಳಲ್ಲಿ ನವಲಗುಂದ ದಾಟಿದ ಮೇಲೆ ನರಗುಂದ ಸಿಗುತ್ತದೆ. ಹುಬ್ಬಳ್ಳಿಯಿಂದ ಸುಮಾರು 55 ಕಿ.ಮೀ. ಎರೆಹೊಲಗಳ ಸಮತಟ್ಟು ಬಯಲಿನಲ್ಲಿ ಗುಡ್ಡವೊಂದು ಒಮ್ಮೆಲೇ ಎದ್ದು ನಿಂತಂತೆ ಕಾಣುತ್ತದೆ. ಊರು ಅದರ ತಪ್ಪಲಿನಲ್ಲಿದೆ. ಬಸ್ ನಿಲ್ದಾಣದಿಂದ ಗುಡ್ಡದ ಬುಡಕ್ಕೆ ನಡೆದೇ ಹೋಗಬಹುದು. ಬೆಳಗಿನ ಎಂಟರೊಳಗೆ ಹತ್ತಲು ತೊಡಗಿದರೆ ಬಿಸಿಲಿನ ತೊಂದರೆ ಇರುವುದಿಲ್ಲ.

ಶಿವಾಜಿಯ ಕಾಲದೊಂದಿಗೆ ಹೆಸರು ತಳಕು ಹಾಕಿಕೊಂಡಿರುವ ಈ ಕೋಟೆ ಮುಂದೆ ಭಾವೆ ಮನೆತನದ ಸಂಸ್ಥಾನದ ಕೇಂದ್ರವಾಯಿತು. 1785ರಲ್ಲಿ ಟಿಪ್ಪುವಿನ ಸೇನೆ ಮುತ್ತಿಗೆ ಹಾಕಿ ಕೋಟೆಯನ್ನು ಹಿಡಿಯಿತು. ಅರಸ ವೆಂಕಟರಾವ್ ಭಾವೆಯನ್ನು ಕಬ್ಬಾಳದುರ್ಗದಲ್ಲಿ ಸೆರೆಯಿಡಲಾಯಿತು. ಪುಣೆಯ ಪೇಶ್ವೆ ಸರ್ಕಾರ ಯುದ್ಧಕ್ಕಿಳಿಯಲು ಇದು ಮುಖ್ಯ ಕಾರಣವಾಯಿತು.

ಇಂದು ಕೋಟೆಯಲ್ಲಿ ಉಳಿದಿರುವುದು ಕಡಿಮೆ: ಮುರಿದ ಗೋಡೆಗಳು, ನೀರಿನ ಹೊಂಡಗಳು, ಮೇಲಿನಿಂದ ಕಾಣುವ ಮಲಪ್ರಭಾ ಬಯಲು. ಕಟ್ಟಡಗಳನ್ನು ನೋಡಲೆಂದೇ ಬಂದವರಿಗೆ ನಿರಾಶೆಯಾದೀತು. ಇಲ್ಲಿ ನೋಡುವುದಕ್ಕಿಂತ ಕೇಳುವುದೇ ಹೆಚ್ಚು.

ಕೇಳಬೇಕಾದ ಕಥೆ 1858ರದು. ಸಂಸ್ಥಾನದ ಕೊನೆಯ ಅರಸ ಭಾಸ್ಕರರಾವ್ ಭಾವೆ ಜನರಿಗೆ ಬಾಬಾಸಾಹೇಬನೆಂದೇ ಪರಿಚಿತ. ಸಂಸ್ಕೃತ ಗ್ರಂಥಗಳ ದೊಡ್ಡ ಭಂಡಾರವನ್ನೇ ಇಟ್ಟುಕೊಂಡಿದ್ದ ವಿದ್ಯಾವಂತ. ಗಂಡು ಸಂತಾನವಿಲ್ಲದ ಅವನಿಗೆ ದತ್ತು ತೆಗೆದುಕೊಳ್ಳಲು ಕಂಪನಿ ಸರ್ಕಾರ ಅನುಮತಿ ಕೊಡಲಿಲ್ಲ. ಅದರ ಮೇಲೆ ಆಯುಧಗಳನ್ನು ಒಪ್ಪಿಸಬೇಕೆಂಬ ಆಜ್ಞೆಯೂ ಬಂತು. ಆ ವರ್ಷದ ಮೇ 29ರ ರಾತ್ರಿ ರಾಮದುರ್ಗದ ಹತ್ತಿರದ ಸುರೇಬಾನದಲ್ಲಿ ಬೀಡುಬಿಟ್ಟಿದ್ದ ಪೊಲಿಟಿಕಲ್ ಏಜೆಂಟ್ ಚಾರ್ಲ್ಸ್ ಮ್ಯಾನ್ಸನ್‌ನನ್ನು ಬಾಬಾಸಾಹೇಬನ ಪಡೆ ಕೊಂದಿತು. ಅವನ ರುಂಡವನ್ನು ನರಗುಂದದ ಅಗಸಿಗೆ ತೂಗುಹಾಕಲಾಯಿತು. ರಕ್ತ ತೊಟ್ಟಿಕ್ಕಿದ ಆ ಬಾಗಿಲೇ ಕೆಂಪಗಸಿಯಾಯಿತು ಎಂದು ಊರವರು ತೋರಿಸುತ್ತಾರೆ. ಕೆಲವೇ ದಿನಗಳಲ್ಲಿ ಕೋಟೆ ಇಂಗ್ಲಿಷರ ವಶವಾಯಿತು. ಜೂನ್ 12ರಂದು ಬೆಳಗಾವಿಯಲ್ಲಿ ಬಾಬಾಸಾಹೇಬನನ್ನು ಗಲ್ಲಿಗೇರಿಸಲಾಯಿತು. ಅವನ ಮನೆಯ ಹೆಣ್ಣುಮಕ್ಕಳು ಮಲಪ್ರಭೆಗೆ ಹಾರಿದ ಪ್ರಸಂಗವನ್ನು ಹಿರಿಯರು ಇಂದಿಗೂ ದನಿ ತಗ್ಗಿಸಿಯೇ ಹೇಳುತ್ತಾರೆ.

ನರಗುಂದದ ಇನ್ನೊಂದು ಬಂಡಾಯ ಬದುಕಿರುವವರ ನೆನಪಿನಲ್ಲಿಯೇ ಇದೆ. ಮಲಪ್ರಭಾ ಅಚ್ಚುಕಟ್ಟಿನ ರೈತರ ಮೇಲೆ ಹೇರಿದ ನೀರಿನ ಕರ ಮತ್ತು ಬೆಟರ್‌ಮೆಂಟ್ ಲೆವಿಯ ವಿರುದ್ಧ ಎದ್ದ ಚಳವಳಿ 1980ರ ಜುಲೈ 21ರಂದು ಹಿಂಸೆಗೆ ತಿರುಗಿತು. ಗೋಲಿಬಾರಿನಲ್ಲಿ ಚಿಕ್ಕನರಗುಂದದ ವೀರಪ್ಪ ಕಡ್ಲಿಕೊಪ್ಪ ಬಲಿಯಾದರು. ಪೊಲೀಸರೂ ಪ್ರಾಣ ಕಳೆದುಕೊಂಡರು. ಕರ್ನಾಟಕ ರಾಜ್ಯ ರೈತ ಸಂಘ ಹುಟ್ಟಿದ್ದು ಅದೇ ವರ್ಷ. ಪ್ರತಿವರ್ಷ ಜುಲೈ 21ರಂದು ರೈತರು ಇಲ್ಲಿ ಸೇರಿ ಹುತಾತ್ಮರನ್ನು ನೆನೆಯುತ್ತಾರೆ. 2015ರಲ್ಲಿ ಮಹದಾಯಿ, ಕಳಸಾ–ಬಂಡೂರಿ ನೀರಿಗಾಗಿ ನಡೆದ ದೀರ್ಘ ಧರಣಿಗೂ ಇದೇ ಊರು ವೇದಿಕೆಯಾಯಿತು. ಮಾತು ಬಾಬಾಸಾಹೇಬನಿಂದ ಆರಂಭವಾದರೂ ಕೊನೆಗೆ ಕಾಲುವೆಯ ನೀರಿಗೆ ಬಂದು ನಿಲ್ಲುವುದು ನರಗುಂದದಲ್ಲಿ ಸಹಜ.

ಹೆದ್ದಾರಿಯಲ್ಲಿ ಇನ್ನೂ ಉತ್ತರಕ್ಕೆ ಹೋದರೆ ಮಲಪ್ರಭೆಯ ದಂಡೆಯ ಕೊಣ್ಣೂರು. ರಾಷ್ಟ್ರಕೂಟ ಅಮೋಘವರ್ಷನ ಕಾಲದ ಶಾಸನದಿಂದ ಇತಿಹಾಸಕಾರರಿಗೆ ಪರಿಚಿತವಾದ ಊರು. 2019ರ ಆಗಸ್ಟ್ ಪ್ರವಾಹದಲ್ಲಿ ಇಲ್ಲಿ ಹೆದ್ದಾರಿಯೇ ಮುಳುಗಿ ಸಂಚಾರ ನಿಂತಿತ್ತು. ಮಳೆಗಾಲದಲ್ಲಿ ಈ ಕಡೆ ಹೊರಡುವವರು ಮೊದಲು ರಸ್ತೆಯ ಸ್ಥಿತಿ ವಿಚಾರಿಸುವುದು ಒಳ್ಳೆಯದು.

ರೋಣ: ಸಂತೆಯ ಊರಿನ ಕಲ್ಲುಗುಡಿಗಳು

ನರಗುಂದದಿಂದ ಪೂರ್ವಕ್ಕೆ ಹೋಗುವ ಬಸ್ಸು ಹಳ್ಳಿಹಳ್ಳಿಗೂ ನಿಲ್ಲುತ್ತದೆ. ಮುಂಗಾರಿನಲ್ಲಿ ಹೆಸರು, ಹಿಂಗಾರಿನಲ್ಲಿ ಜೋಳ, ಕಡಲೆ, ಕುಸುಬೆ. ಕಿಟಕಿಯ ಹೊರಗೆ ಕಾಣುವುದು ಇಷ್ಟೇ. ಅದನ್ನು ನೋಡಲಾದರೂ ಹಗಲಿನ ಬಸ್ಸೇ ಹಿಡಿಯಬೇಕು.

ದ್ರೋಣಾಚಾರ್ಯರ ದ್ರೋಣಪುರವೇ ರೋಣವಾಯಿತು ಎಂಬುದು ಊರಿನ ನಂಬಿಕೆ. ಊರೊಳಗಿನ ಹಳೆಯ ಕಲ್ಲುಗುಡಿಗಳು ಮಾತ್ರ ಚಾಲುಕ್ಯರ ಕಾಲದ ಕಟ್ಟಡ ಪರಂಪರೆಗೆ ಸೇರಿದವು. ಅನಂತಶಯನ ಗುಡಿ, ಈಶ್ವರ ಗುಡಿ, ಪಾರ್ಶ್ವನಾಥ ಬಸದಿ ಇವುಗಳಲ್ಲಿ ಮುಖ್ಯ. ಮನೆಗಳ ಸಾಲಿನ ನಡುವೆ ಇವು ಹುದುಗಿರುವುದರಿಂದ ಕೇಳದೆ ಸಿಗುವುದಿಲ್ಲ. ಎರಡು ಗಂಟೆಯಲ್ಲಿ ನೋಡಿ ಮುಗಿಸಬಹುದು.

ರೈಲಿನಲ್ಲಿ ಬರುವವರಿಗೆ ಗದಗ–ಹೋಟಗಿ ಮಾರ್ಗದ ಮಲ್ಲಾಪುರ, ಹೊಳೆಆಲೂರು ನಿಲ್ದಾಣಗಳು ಈ ಸೀಮೆಯ ಬಾಗಿಲುಗಳು. ನರಗುಂದಕ್ಕಾಗಲಿ ಗಜೇಂದ್ರಗಡಕ್ಕಾಗಲಿ ರೈಲು ಇಲ್ಲ. ಕನ್ನಡ ಕುಲಪುರೋಹಿತ ಆಲೂರು ವೆಂಕಟರಾಯರ ಹೆಸರಿನಲ್ಲಿರುವ ಆಲೂರು ಇದೇ ಹೊಳೆಆಲೂರು.

ಸೂಡಿ: ತಪ್ಪಿಸಬಾರದ ನಿಲುಗಡೆ

ಮೂರು ಪಟ್ಟಣಗಳ ಹೆಸರಿನಲ್ಲಿ ಹೊರಟ ಪ್ರವಾಸದ ಉತ್ತಮ ಭಾಗ ಒಂದು ಹಳ್ಳಿಯಲ್ಲಿದೆ ಎಂದರೆ ತಪ್ಪಲ್ಲ. ರೋಣ ಮತ್ತು ಗಜೇಂದ್ರಗಡದ ನಡುವಿನ ಸೂಡಿ ಕಲ್ಯಾಣ ಚಾಲುಕ್ಯರ ಕಾಲದಲ್ಲಿ ದೊಡ್ಡ ಪಟ್ಟಣವಾಗಿತ್ತು. ಇಮ್ಮಡಿ ಜಯಸಿಂಹನ ಸಹೋದರಿ, ಕಿಸುಕಾಡು ಎಪ್ಪತ್ತರ ಆಡಳಿತ ನಡೆಸಿದ ಅಕ್ಕಾದೇವಿಯ ಹೆಸರು ಇಲ್ಲಿನ ಶಾಸನಗಳಲ್ಲಿದೆ. ಕೋಟೆಗೆ ಮುತ್ತಿಗೆ ಹಾಕಿ ಯುದ್ಧ ಮಾಡಿದ ಹೆಣ್ಣುಮಗಳು ಅವಳು. ನಾಣ್ಯ ಅಚ್ಚು ಹಾಕುವ ಟಂಕಶಾಲೆಯೂ ಇಲ್ಲಿತ್ತು.

ಜೋಡು ಕಳಸದ ಗುಡಿ ಸೂಡಿಯ ಗುರುತು. ಒಂದೇ ಮಂಟಪದ ಎರಡು ಬದಿಗೆ ಎರಡು ಗರ್ಭಗುಡಿ, ಎರಡು ಶಿಖರ. 11ನೇ ಶತಮಾನದಲ್ಲಿ ದಂಡನಾಯಕ ನಾಗದೇವ ಕಟ್ಟಿಸಿದ್ದು. ಹತ್ತಿರದಲ್ಲಿಯೇ ಮಲ್ಲಿಕಾರ್ಜುನ ಗುಡಿ, ದೊಡ್ಡ ಗಣಪತಿ ವಿಗ್ರಹ ಮತ್ತು ಕೆತ್ತನೆಯ ಗೂಡುಗಳುಳ್ಳ ಮೆಟ್ಟಿಲು ಹೊಂಡ ನಾಗಕುಂಡ ಇವೆ. ದೀರ್ಘಕಾಲ ಮುಳ್ಳುಕಂಟಿ ಬೆಳೆದು ಹಾಳುಬಿದ್ದಿದ್ದ ಈ ಸ್ಮಾರಕಗಳಿಗೆ ನಂತರ ದುರಸ್ತಿಯ ಭಾಗ್ಯ ಬಂತು. ಬಾದಾಮಿಯ ಜನಜಂಗುಳಿ ಕಂಡವರಿಗೆ ಇಲ್ಲಿನ ನಿಶ್ಶಬ್ದ ನಂಬಲು ಕಷ್ಟ. ಒಬ್ಬಿಬ್ಬರು ಪ್ರವಾಸಿಗರು ಕಂಡರೆ ಹೆಚ್ಚು.

ಸೂಡಿಗೆ ಸಮೀಪದ ಇಟಗಿ ಶಿವಶರಣೆ ಭೀಮಾಂಬಿಕೆಯಿಂದ ಪ್ರಸಿದ್ಧ. ಇಲ್ಲಿ ಎಚ್ಚರಿಕೆಯ ಒಂದು ಮಾತು. ಇಟಗಿಗಳು ಎರಡು. 1112ರಲ್ಲಿ ಕಟ್ಟಿದ, ‘ದೇವಾಲಯ ಚಕ್ರವರ್ತಿ’ ಎಂದು ಶಾಸನ ಕೊಂಡಾಡುವ ಮಹಾದೇವ ದೇವಾಲಯವಿರುವುದು ಕೊಪ್ಪಳ ಜಿಲ್ಲೆಯ ಇಟಗಿಯಲ್ಲಿ. ಬಸ್ಸಿನ ಬೋರ್ಡಿನಲ್ಲಿ ‘ಇಟಗಿ’ ಎಂದಷ್ಟೇ ಇದ್ದರೆ ಹತ್ತುವ ಮೊದಲು ‘ಭೀಮವ್ವನ ಇಟಗಿಯೋ, ಮಹಾದೇವ ಗುಡಿ ಇಟಗಿಯೋ’ ಎಂದು ಕಂಡಕ್ಟರರನ್ನು ಕೇಳಿಕೊಳ್ಳಬೇಕು.

ಗಜೇಂದ್ರಗಡ: ಕೋಟೆ, ಗಂಗೆ, ಮಗ್ಗ

ಸೂಡಿಯಿಂದ ಮುಂದೆ ಎರೆಯ ಬಯಲು ಮುಗಿದು ಕೆಂಪು ಮರಳುಗಲ್ಲಿನ ಗುಡ್ಡಗಳು ಶುರುವಾಗುತ್ತವೆ. ಬಂಡೆಯ ಅಂಚು ಗೋಡೆಯಂತೆ ನೇರವಾಗಿ ಇಳಿದಿರುವ ಗುಡ್ಡದ ಮೇಲೆ ಗಜೇಂದ್ರಗಡದ ಕೋಟೆ ಇದೆ. ಘೋರ್ಪಡೆ ಮನೆತನದ ಆಳ್ವಿಕೆ ಕಂಡ ನೆಲೆ ಇದು. ಸುತ್ತಲಿನ ಗುಡ್ಡಸಾಲಿನಲ್ಲಿ ಈಗ ಗಾಳಿಯಂತ್ರಗಳು ತಿರುಗುತ್ತಿವೆ.

1787ರ ಒಪ್ಪಂದದ ಪ್ರಕಾರ ಟಿಪ್ಪು ಬಾದಾಮಿಯನ್ನು ಮರಾಠರಿಗೆ ಬಿಟ್ಟುಕೊಟ್ಟ. ನರಗುಂದ ಮತ್ತು ಕಿತ್ತೂರನ್ನು ಹಿಂದಿರುಗಿಸಲು ಒಪ್ಪಿದ. ಬೆಳಿಗ್ಗೆ ನರಗುಂದದ ಗುಡ್ಡ ಹತ್ತಿ ಬಂದವರಿಗೆ ಆ ಒಪ್ಪಂದದ ಅರ್ಥ ಇಲ್ಲಿ ನಿಂತಾಗ ಚೆನ್ನಾಗಿ ತಿಳಿಯುತ್ತದೆ.

ಊರಿನ ಹೊರಗೆ ಬೆಟ್ಟದ ಮಗ್ಗುಲಿಗೆ ಅಂಟಿಕೊಂಡಿರುವುದು ಕಾಲಕಾಲೇಶ್ವರ ದೇವಾಲಯ. ಭಕ್ತರಿಗೆ ಇದು ದಕ್ಷಿಣ ಕಾಶಿ. ಮೆಟ್ಟಿಲು ಹತ್ತಿ ಹೋದರೆ ಬಂಡೆಯ ನಡುವಿನಿಂದ ವರ್ಷವಿಡೀ ನೀರು ಬರುವ ಅಂತರಗಂಗೆ. ಬೇಸಿಗೆಯಲ್ಲಿ ಸುತ್ತಲಿನ ಹಳ್ಳಗಳೆಲ್ಲ ಬತ್ತಿದಾಗಲೂ ಇಲ್ಲಿ ನೀರು ನಿಲ್ಲುವುದಿಲ್ಲವೆಂದು ಪೂಜಾರಿಗಳು ಹೆಮ್ಮೆಯಿಂದ ತೋರಿಸುತ್ತಾರೆ. ಯುಗಾದಿಯ ಹಿಂದಿನ ರಾತ್ರಿ ಇಲ್ಲಿನ ನಗಾರಿ ತಾನಾಗಿಯೇ ನುಡಿಯುತ್ತದೆ, ಗುಡಿಗೆ ಸುಣ್ಣ ತಾನಾಗಿಯೇ ಬಳಿದುಕೊಳ್ಳುತ್ತದೆ ಎಂಬ ನಂಬಿಕೆ ಈ ಭಾಗದಲ್ಲಿ ಗಟ್ಟಿಯಾಗಿದೆ.

ಗಜೇಂದ್ರಗಡ ನೇಕಾರರ ಊರೂ ಹೌದು. ಪಟ್ಟೇದ ಅಂಚಿನ ಸೀರೆ ಈ ಊರಿನ ಹೆಸರಿನೊಂದಿಗೇ ಗುರುತಿಸಿಕೊಂಡಿದೆ. ಮರೆಯಾಗುತ್ತಿದ್ದ ಈ ಸೀರೆಗೆ ಈಚಿನ ವರ್ಷಗಳಲ್ಲಿ ನಗರಗಳಲ್ಲಿ ಮತ್ತೆ ಬೇಡಿಕೆ ಬಂದಿದೆ. ಮಗ್ಗದ ಸದ್ದು ಕೇಳಬೇಕೆನ್ನುವವರು ಪರಿಚಯದವರೊಡನೆ ಓಣಿಯೊಳಗೆ ಹೋಗುವುದು ಸರಿ. ಅದು ಅಂಗಡಿಯಲ್ಲ, ಮನೆ.

ಪ್ರವಾಸಿಗರ ಗಮನಕ್ಕೆ

ಹಿಂದೆ ರೋಣ ತಾಲ್ಲೂಕಿನಲ್ಲಿದ್ದ ಗಜೇಂದ್ರಗಡ 2018ರಿಂದ ಪ್ರತ್ಯೇಕ ತಾಲ್ಲೂಕು. ಹಳೆಯ ಪುಸ್ತಕ, ನಕಾಶೆಗಳಲ್ಲಿ ಸೂಡಿಯನ್ನು ರೋಣ ತಾಲ್ಲೂಕಿನಲ್ಲಿಯೇ ಹುಡುಕಬೇಕು. ಮೂರೂ ಊರುಗಳಿಗೆ ವಾಯವ್ಯ ಕರ್ನಾಟಕ ರಸ್ತೆ ಸಾರಿಗೆ ಸಂಸ್ಥೆಯ ಬಸ್ಸುಗಳಿವೆ. ಈ ಸಂಸ್ಥೆಯೂ ಗದಗ ಜಿಲ್ಲೆಯೂ ಹುಟ್ಟಿದ್ದು ಒಂದೇ ವರ್ಷ, 1997ರಲ್ಲಿ. ‘ಶಕ್ತಿ’ ಯೋಜನೆಯಡಿ 2023ರ ಜೂನ್ 11ರಿಂದ ರಾಜ್ಯದ ಮಹಿಳೆಯರಿಗೆ ಸಾಮಾನ್ಯ ಮತ್ತು ವೇಗದೂತ ಬಸ್ಸುಗಳಲ್ಲಿ ಪ್ರಯಾಣ ಉಚಿತ. ಗುರುತಿನ ಚೀಟಿ ಕೈಯಲ್ಲಿರಬೇಕು. ಅಮಾವಾಸ್ಯೆ, ಹುಣ್ಣಿಮೆ, ಜಾತ್ರೆಯ ದಿನಗಳಲ್ಲಿ ಕುಳಿತುಕೊಳ್ಳಲು ಸ್ಥಳ ಸಿಗುವ ಭರವಸೆ ಬೇಡ.

ಪಟ್ಟಣಗಳ ನಡುವೆ ಬಸ್ಸಿಗೆ ಹೆಚ್ಚು ಕಾಯಬೇಕಿಲ್ಲ. ಸೂಡಿಯಂಥ ಹಳ್ಳಿಯಲ್ಲಿ ಮಾತ್ರ ಇಳಿದ ಕೂಡಲೇ ಕೊನೆಯ ಬಸ್ಸಿನ ಹೊತ್ತು ಕೇಳಿಟ್ಟುಕೊಳ್ಳಬೇಕು. ತಪ್ಪಿದರೆ ಟಂಟಂ ಸಿಗಬಹುದು. ಕತ್ತಲಾದ ಮೇಲೆ ಅದನ್ನೂ ನೆಚ್ಚಿಕೊಳ್ಳುವಂತಿಲ್ಲ. ಮಳೆಯಾದ ದಿನ ಎರೆಮಣ್ಣು ಚಪ್ಪಲಿ ಕಿತ್ತುಕೊಳ್ಳುತ್ತದೆ. ಅಕ್ಟೋಬರಿನಿಂದ ಫೆಬ್ರುವರಿ ಪ್ರಶಸ್ತ ಕಾಲ. ಊಟಕ್ಕೆ ಖಾನಾವಳಿಗಳಿವೆ: ಜೋಳದ ರೊಟ್ಟಿ, ಪಲ್ಯ, ಶೇಂಗಾ ಚಟ್ನಿ. ತಂಗಲು ಸಾಧಾರಣ ವಸತಿಗೃಹಗಳು ಸಿಗುತ್ತವೆ. ಹೆಚ್ಚಿನ ಸೌಕರ್ಯ ಬೇಕೆನ್ನುವವರು ಗದಗ ಅಥವಾ ಬಾದಾಮಿಯಲ್ಲಿ ಉಳಿಯಬಹುದು.

ಗಜೇಂದ್ರಗಡದಿಂದ ಗದಗಿಗೆ ಮರಳುವ ಬಸ್ಸು ನರೇಗಲ್ ಮೇಲೆ ಹೋಗುತ್ತದೆ. ಗಂಗ ಬೂತುಗನ ರಾಣಿ ಪದ್ಮಬ್ಬರಸಿ 10ನೇ ಶತಮಾನದಲ್ಲಿ ಬಸದಿ ಕಟ್ಟಿಸಿದ ಊರು ಅದು. ಕರ್ನಾಟಕ ಏಕೀಕರಣದ ಹೋರಾಟಗಾರ ಅಂದಾನಪ್ಪ ದೊಡ್ಡಮೇಟಿಯವರ ಜಕ್ಕಲಿಯೂ ಹತ್ತಿರದಲ್ಲಿಯೇ ಇದೆ. ಹೊತ್ತು ಉಳಿದಿದ್ದರೆ ಒಂದು ಬಸ್ಸು ಬಿಟ್ಟು ಮುಂದಿನದಕ್ಕೆ ಹತ್ತಬಹುದು.